ಬಟ್ಟಲ ಪಕ್ಕದ ಮೀನು

ಜಪಾನಿ ಭಾಷೆಯಲ್ಲಿ ಮೀನಿಗೆ ‘ಸಕನ’ ಎನ್ನುತ್ತಾರೆ. ಈ ಪದವನ್ನು ಬಿಡಿಸಿ ನೋಡಿದರೆ ಒಳಗೆ ಮೀನು ಸಿಗುವುದಿಲ್ಲ, ಹೆಂಡ ಸಿಗುತ್ತದೆ. ‘ಸಕ’ ಎಂದರೆ ಮದ್ಯ. ‘ನ’ ಎಂದರೆ ನಂಜಿಕೊಳ್ಳುವ ಪದಾರ್ಥ. ಕುಡಿಯುವವನು ಬಟ್ಟಲ ಪಕ್ಕದಲ್ಲಿ ಏನಿಟ್ಟುಕೊಂಡರೂ ಅದು ಒಂದು ಕಾಲಕ್ಕೆ ಸಕನವೇ ಆಗಿತ್ತು. ಸೊಪ್ಪಾಗಬಹುದು, ಮೂಲಂಗಿಯಾಗಬಹುದು, ಒಂದು ಚಿಟಿಕೆ ಉಪ್ಪೂ ಆಗಬಹುದು. ತಿನ್ನುವ ವಸ್ತುವೇ ಆಗಿರಬೇಕೆಂಬ ಕಟ್ಟೂ ಇರಲಿಲ್ಲ. ಕುಡಿಯುವ ಕೂಟದಲ್ಲಿ ಒಬ್ಬ ಎದ್ದು ಹಾಡಿದರೆ ಆ ಹಾಡು ಸಕನ, ಕುಣಿದರೆ ಆ ಕುಣಿತ ಸಕನ. ಊರ ಸುದ್ದಿಯನ್ನು ಸಕನ ಮಾಡಿಕೊಂಡು ಕುಡಿದೆವು ಎಂದು ಜಪಾನೀಯರು ಇಂದಿಗೂ ಹೇಳುತ್ತಾರೆ.

ಮೀನಿನ ಹಳೆಯ ಹೆಸರು ‘ಉಒ’. ಟೋಕಿಯೊಗೆ ಎದೊ ಎಂಬ ಹೆಸರಿದ್ದ ಕಾಲದ ಪೇಟೆಗಳಲ್ಲಿ ಕುಡಿಯುವವರಿಗೆ ನಂಜಿಕೊಳ್ಳಲು ಮೀನಿನಷ್ಟು ಹಿಡಿಸಿದ್ದು ಬೇರೊಂದಿರಲಿಲ್ಲ. ಹಾಗಾಗಿ ಸಕನ ಎಂದರೆ ಮೀನು ಎಂದೇ ರೂಢಿಯಾಯಿತು, ‘ಉಒ’ ಹಿಂದೆ ಸರಿಯಿತು. ಪೂರ್ತಿ ಸತ್ತಿಲ್ಲ, ಮೀನು ಪೇಟೆಗೆ ಇಂದಿಗೂ ‘ಉಒಇಚಿಬ’ ಎನ್ನುತ್ತಾರೆ. ಟೋಕಿಯೊದ ನಿಹೊನ್‌ಬಾಶಿಯಲ್ಲಿದ್ದ ಪೇಟೆ ‘ಉಒಗಶಿ’. 1923ರ ಭೂಕಂಪದಲ್ಲಿ ಅದು ನಾಶವಾದ ಮೇಲೆ ವ್ಯಾಪಾರ ತ್ಸುಕಿಜಿಗೆ ಹೋಯಿತು, 2018ರಲ್ಲಿ ಅಲ್ಲಿಂದ ತೊಯೊಸುಗೆ. ಜನರ ಬಾಯಲ್ಲಿ ಹೀಗೆ ಎಷ್ಟೋ ಕಾಲದಿಂದ ಗೆದ್ದಿದ್ದರೂ ‘ಸಕನ’ಕ್ಕೆ ಸರ್ಕಾರದ ಮುದ್ರೆ ಬಿದ್ದದ್ದು ತಡವಾಗಿ. ಮೀನಿನ ಲಿಪಿಚಿಹ್ನೆಯನ್ನು ‘ಸಕನ’ ಎಂದು ಓದಬಹುದೆಂದು ಶಾಲೆ–ಕಚೇರಿಗಳ ಅಧಿಕೃತ ಪಟ್ಟಿ ಒಪ್ಪಿಕೊಂಡದ್ದು 1973ರಲ್ಲಿ. ಅದಕ್ಕೆ ಮುಂಚೆ ‘ಸಕನ’ ಎಂದು ಓದುವ ಮಕ್ಕಳೆಲ್ಲ ಲೆಕ್ಕಕ್ಕೆ ತಪ್ಪೇ.

ಆ ಪುಟ್ಟ ‘ನ’ದ ಕತೆ ಇನ್ನೊಂದು ಕಡೆಯೂ ಅಡಗಿದೆ, ಜಪಾನಿನ ಪ್ರತಿಯೊಂದು ಅಡುಗೆಮನೆಯಲ್ಲಿ. ತರಕಾರಿ ಹೆಚ್ಚುವ ಮಣೆಗೆ ಅಲ್ಲಿ ‘ಮನಇತ’ ಎಂದು ಹೆಸರು. ‘ಇತ’ ಎಂದರೆ ಹಲಗೆ. ‘ಮನ’ ಎಂದರೆ ನಿಜವಾದ ‘ನ’, ಅಂದರೆ ನಂಜಿಕೊಳ್ಳುವ ಪದಾರ್ಥಗಳಲ್ಲೆಲ್ಲ ಶ್ರೇಷ್ಠವಾದದ್ದು, ಮೀನು. ಹೀಗಾಗಿ ಸೌತೆಕಾಯಿ ಹೆಚ್ಚುವ ಗೃಹಿಣಿಯೂ ಹೆಸರಿನ ಮಟ್ಟಿಗೆ ಮೀನಿನ ಹಲಗೆಯ ಮೇಲೆಯೇ ಹೆಚ್ಚುತ್ತಾಳೆ.

ಮದ್ಯಕ್ಕಿರುವ ‘ಸಕೆ’ ಎಂಬ ಪದ ‘ಸಕ’ ಆದದ್ದು ಹೇಗೆ? ಜಪಾನಿಯಲ್ಲಿ ಕೆಲವು ಹಳೆಯ ಪದಗಳ ಕೊನೆಯ ‘ಎ’ಕಾರ ಸಮಾಸದಲ್ಲಿ ‘ಅ’ಕಾರವಾಗುತ್ತದೆ. ‘ಅಮೆ’ ಎಂದರೆ ಮಳೆ, ‘ಕಸ’ ಎಂದರೆ ಕೊಡೆ; ಎರಡೂ ಸೇರಿದರೆ ‘ಅಮಗಸ’. ಇಲ್ಲಿ ‘ಎ’ ಹೋಗಿ ‘ಅ’ ಬಂದದ್ದಷ್ಟೇ ಅಲ್ಲ, ಕಕಾರ ಗಕಾರವೂ ಆಗಿದೆ. ಮಳೆ, ಕಾಲ ಸೇರಿ ಮಳೆಗಾಲವಾಗುವ ಆದೇಶ ಸಂಧಿಯನ್ನು ಶಾಲೆಯಲ್ಲಿ ಬಾಯಿಪಾಠ ಮಾಡಿದ ನಮಗೆ ಇದು ಹೊಸದಲ್ಲ. ಎರಡು ಭಾಷೆಗೂ ನಂಟಿದೆ ಎಂದು ಇಷ್ಟರಿಂದಲೇ ಹೊರಡುವುದು ಬೇಡ. ಮನುಷ್ಯನ ನಾಲಿಗೆ ಎಲ್ಲಿದ್ದರೂ ಸುಲಭದ ದಾರಿ ಹಿಡಿಯುತ್ತದೆ. ಈ ನಿಯಮದಂತೆ ಹೆಂಡದಂಗಡಿ ‘ಸಕಯ’, ಹೆಂಡ ತಯಾರಿಸುವ ಮನೆ ‘ಸಕಗುರ’, ಕುಡಿಯುವ ಬಟ್ಟಲು ‘ಸಕಝುಕಿ’. ಸಕೆಯೇ ಪದದ ಕೊನೆಗೆ ಬಂದರೆ ಸಕಾರ ಮೆತ್ತಗಾಗಿ ‘ಝಕೆ’ ಆಗುತ್ತದೆ.

ನಂಜಿಕೊಳ್ಳುವುದಕ್ಕೆ ನಮ್ಮಲ್ಲೂ ಒಂದು ಪದವಿತ್ತು: ಚಕ್ಕಣ. ಹಳಗನ್ನಡದಲ್ಲಿ ಮದ್ಯದ ಜೊತೆಗೆ ಸವಿಯುವ ಖಾರ, ಉಪ್ಪಿನ ತಿನಿಸಿಗೆ ಹಾಗೆನ್ನುತ್ತಿದ್ದರು. ಪಂಪಭಾರತದಲ್ಲಿ ಪಾನಗೋಷ್ಠಿಯ ವರ್ಣನೆಯೇ ಉಂಟು, ಪಂಪ ಅದನ್ನು ಮುಜುಗರವಿಲ್ಲದೆ ಬರೆದಿದ್ದಾನೆ. ಹಿಂದಿಯ ‘ಚಖನಾ’ ಇಂದಿಗೂ ಬಾರುಗಳಲ್ಲಿ ಗಟ್ಟಿಯಾಗಿ ಬದುಕಿದೆ. ನಮ್ಮ ಚಕ್ಕಣ ನಿಘಂಟು ಸೇರಿತು. ಈಗ ಬೆಂಗಳೂರಿನಲ್ಲಾಗಲಿ ಹುಬ್ಬಳ್ಳಿಯಲ್ಲಾಗಲಿ ಮಾಣಿ ಬಂದು ಕೇಳುವುದು “ಸೈಡ್ಸ್ ಏನ್ ಬೇಕು ಸಾರ್?” ಎಂದು. ಕುಡಿತವನ್ನು ಮರೆಮಾಚುವ ಸಮಾಜದಲ್ಲಿ ಅದರ ಪದಗಳೂ ಬೇಗ ಬಡವಾಗುತ್ತವೆ ಎಂದು ನನಗನ್ನಿಸುತ್ತದೆ. ಜಪಾನಿನಲ್ಲಿ ಹಾಗಾಗಲಿಲ್ಲ. ಎಂಟನೆಯ ಶತಮಾನದ ‘ಮನ್‌ಯೋಶೂ’ ಸಂಕಲನದಲ್ಲಿ ಒತೊಮೊ ನೊ ತಬಿತೊ ಎಂಬ ಕವಿ, ದೊಡ್ಡ ಅಧಿಕಾರಿಯೂ ಆಗಿದ್ದವನು, ಸಕೆಯನ್ನು ಹೊಗಳಿಯೇ 13 ಕವಿತೆ ಬರೆದಿದ್ದಾನೆ.

ಈ ಪದಗಳ ಮನೆತನವನ್ನೆಲ್ಲ ಒಂದೇ ಸಂಜೆಯಲ್ಲಿ ಮಾತಾಡಿಸಬೇಕೆಂದರೆ ಟೋಕಿಯೊ, ಒಸಾಕಾಗಳಲ್ಲಿ ಬಾಣಸಿಗರೇ ನಡೆಸುವ ಕುಡಿತ–ತಿನಿಸಿನ ಪ್ರವಾಸಗಳಿವೆ. ಬಾಣಸಿಗ ನಾಲ್ಕಾರು ಜನರನ್ನು ಹಿಂದಿಟ್ಟುಕೊಂಡು ಗಲ್ಲಿ ಗಲ್ಲಿ ಸುತ್ತುತ್ತಾನೆ. ಒಂದು ಕಡೆ ಸಕೆ, ಇನ್ನೊಂದು ಕಡೆ ಕ್ರಾಫ್ಟ್ ಬಿಯರ್, ನಡುವೆ ಬೀದಿಬದಿಯ ತಿಂಡಿ. ಪ್ರವಾಸಿಗರಿಗೆ ಇದು ಹೊಸ ಮೋಜು, ಊರಿನವರಿಗೆ ಹಳೆಯ ಚಾಳಿ. ಒಂದು ಅಂಗಡಿಯಿಂದ ಇನ್ನೊಂದಕ್ಕೆ, ಅಲ್ಲಿಂದ ಮತ್ತೊಂದಕ್ಕೆ ಕುಡಿಯುತ್ತಾ ಹೋಗುವುದಕ್ಕೆ ಅವರ ಮಾತು ‘ಹಶಿಗೊಝಕೆ’. ಹಶಿಗೊ ಎಂದರೆ ಏಣಿ. ಒಂದೊಂದಂಗಡಿಯೂ ಒಂದೊಂದು ಮೆಟ್ಟಿಲು. ಇಳಿಯುವ ಪ್ರಸ್ತಾಪ ಪದದಲ್ಲಿಲ್ಲ.

ಮೊದಲ ಮೆಟ್ಟಿಲು ಬಾರಾಗಬೇಕೆಂದಿಲ್ಲ, ಸಕಯವೇ ಆಗಬಹುದು. ಬಾಟಲಿ ಮಾರುವ ಅಂಗಡಿಯ ಒಂದು ಮೂಲೆಯಲ್ಲಿ ನಿಂತೇ ಕುಡಿದು ಹೋಗುವ ಪದ್ಧತಿಗೆ ‘ಕಕುಉಚಿ’ ಎನ್ನುತ್ತಾರೆ. ಕ್ಯೂಶೂ ದ್ವೀಪದ ಕಿತಕ್ಯೂಶೂ ಈ ಪದದ ತವರು ಎಂದು ಹೆಸರಾಗಿದೆ. 1901ರಲ್ಲಿ ಆರಂಭವಾದ ಯವತ ಉಕ್ಕಿನ ಕಾರ್ಖಾನೆಯಲ್ಲಿ ರಾತ್ರಿಪಾಳಿ ಮುಗಿಸಿದವರಿಗೆ ಬೆಳಗಿನ ಹೊತ್ತಿನಲ್ಲೇ ಗಂಟಲು ಒಣಗುತ್ತಿತ್ತು. ‘ಕಕು’ ಎಂದರೆ ಮೂಲೆ, ಕೋನ. ಅಂಗಡಿಯ ಮೂಲೆ ಎಂದು ಕೆಲವರು. ಅಳತೆಪೆಟ್ಟಿಗೆಯ ಮೂಲೆಗೆ ಬಾಯಿಟ್ಟು ಕುಡಿಯುವುದು ಎಂದು ಇನ್ನು ಕೆಲವರು.

ಆ ಪೆಟ್ಟಿಗೆಯನ್ನು ಹತ್ತಿರದಿಂದ ನೋಡಬೇಕು. ಹೆಸರು ‘ಮಸು’, ಮರದ ಚೌಕ ಡಬ್ಬಿ, ಒಂದು ‘ಗೊ’ ಹಿಡಿಸುತ್ತದೆ, ಅಂದರೆ 180 ಮಿಲಿಲೀಟರ್. ಹತ್ತು ಗೊ ಸೇರಿದರೆ ಒಂದು ‘ಶೊ’, 1.8 ಲೀಟರ್; ಸಕೆಯ ದೊಡ್ಡ ಬಾಟಲಿಗೆ ಇಂದಿಗೂ ಅದೇ ಅಳತೆ. ಅಕ್ಕಿ ಅಳೆಯುವುದೂ ಗೊ ಲೆಕ್ಕದಲ್ಲೇ, ನಮ್ಮ ಪಾವು–ಸೇರಿನ ಹಾಗೆ. ಮಸುವಿನೊಳಗೆ ಒಂದು ಗಾಜಿನ ಲೋಟ ನಿಲ್ಲಿಸಿ ಅಂಗಡಿಯಾಕೆ ಸಕೆ ಸುರಿಯುತ್ತಾಳೆ. ಲೋಟ ತುಂಬಿದರೂ ನಿಲ್ಲಿಸುವುದಿಲ್ಲ. ತುಳುಕಿ, ಲೋಟದ ಹೊರಮೈಯಿಂದ ಜಾರಿ, ಪೆಟ್ಟಿಗೆಯ ತಳದಲ್ಲಿ ಒಂದು ಬೆರಳು ನಿಂತ ಮೇಲೆ ಬಾಟಲಿ ಎತ್ತುತ್ತಾಳೆ. ಎತ್ತಿ ಕುಡಿಯಲು ಹೋದರೆ ಚೆಲ್ಲುತ್ತದೆ. ಆದ್ದರಿಂದ ಎಂಥ ಠೀವಿಯವನೂ ಮೊದಲ ಗುಟುಕಿಗೆ ಬಗ್ಗಿ ಲೋಟದ ಅಂಚಿಗೆ ತುಟಿ ತಾಗಿಸಬೇಕು. ಲೋಟ ಅರ್ಧಕ್ಕಿಳಿದ ಮೇಲೆ ಪೆಟ್ಟಿಗೆಯಲ್ಲಿ ಉಳಿದದ್ದನ್ನು ಅದಕ್ಕೆ ಬಗ್ಗಿಸಿಕೊಳ್ಳುವುದು. ಜೊತೆಗೆ ನಂಜಿಕೊಳ್ಳಲು ಶೆಲ್ಫಿನಿಂದ ಇಳಿಸಿದ ಮೀನಿನ ಡಬ್ಬಿ. ಅಡುಗೆಯವನೇ ಇಲ್ಲದ ಈ ಜಾಗಕ್ಕೆ ಬಾಣಸಿಗರು ಪ್ರೀತಿಯಿಂದ ಬರುತ್ತಾರೆಂಬುದು ತಮಾಷೆಯಾದರೂ ನಿಜ.

ಸಕಯದ ಹಿಂದೆ ‘ಇ’ ಎಂಬ ಒಂದೇ ಅಕ್ಷರ ಸೇರಿದರೆ ‘ಇಝಕಯ’. ಆ ‘ಇ’ಗೆ ಇರು, ಕೂರು ಎಂದರ್ಥ. ಮೊದಲು ಜನ ಪಾತ್ರೆ ತಂದು ಸಕೆ ಅಳೆಸಿಕೊಂಡು ಮನೆಗೆ ಒಯ್ಯುತ್ತಿದ್ದರು. ಅಲ್ಲೇ ಕೂತು ಕುಡಿಯುವವರು ಹೆಚ್ಚಾದಾಗ ಅಂಗಡಿಯವರು ಏನಾದರೂ ಬೇಯಿಸಿಡಲು ತೊಡಗಿದರು. ಎದೊದ ಕಂದ ಪ್ರದೇಶದಲ್ಲಿ 1596ರಲ್ಲಿ ಶುರುವಾದ ತೊಶಿಮಯ ಎಂಬ ಅಂಗಡಿ ಅಗ್ಗದ ಸಕೆಗೆ ಮಿಸೊ ಎಂಬ ಸೋಯಾ ಗೊಜ್ಜು ಬಳಿದು ಸುಟ್ಟ ತೋಫು ಜೊತೆ ಮಾಡಿ ಜನವನ್ನು ಸೆಳೆದದ್ದನ್ನು ಇಝಕಯಗಳ ಆದಿಕಾಂಡವೆಂದು ಹೇಳುವುದುಂಟು. 1811ರ ಎಣಿಕೆಯ ಹೊತ್ತಿಗೆ ಎದೊ ನಗರವೊಂದರಲ್ಲೇ ಇಂಥವು 1,800ಕ್ಕೂ ಹೆಚ್ಚಾಗಿದ್ದವು. ಕೂತು ಕುಡಿಯುವ ಹೆಂಡದಂಗಡಿ ಎಂಬ ಈ ಹೆಸರು ಈಗ ಬೆಂಗಳೂರಿನಲ್ಲೂ ದುಬಾರಿ ಮೆನುಗಳ ನೆತ್ತಿಯ ಮೇಲೆ ಕೂತಿದೆ.

ಎದೊಗೆ ಒಳ್ಳೆಯ ಸಕೆ ಬರುತ್ತಿದ್ದದ್ದು ಪಶ್ಚಿಮದಿಂದ. ಈಗಿನ ಕೋಬೆ ಬಳಿಯ ನದ, ಒಸಾಕಾ ಬಳಿಯ ಇತಮಿ, ಇಕೆದ ಊರುಗಳಿಂದ ಪೀಪಾಯಿಗಳು ಹಡಗೇರಿ ಬರುತ್ತಿದ್ದವು. ಅರಸನಿದ್ದದ್ದು ಕ್ಯೋಟೊದಲ್ಲಾದ್ದರಿಂದ ಆ ಕಡೆಯಿಂದ ಹೊರಟದ್ದೆಲ್ಲ ‘ಇಳಿದು’ ಬಂದ ಲೆಕ್ಕ, ಆ ಸಕೆ ‘ಕುದರಿಝಕೆ’. ಇಳಿದು ಬರದ ಸ್ಥಳೀಯ ಸರಕು ಕಳಪೆ. ಅದರಿಂದಲೇ ‘ಕುದರನಯ್’ ಎಂಬ ಪದಕ್ಕೆ ಕೆಲಸಕ್ಕೆ ಬಾರದ್ದು ಎಂಬ ಅರ್ಥ ಬಂತು ಎಂದು ಮಾರ್ಗದರ್ಶಿಗಳು ರಸವತ್ತಾಗಿ ಹೇಳುತ್ತಾರೆ. ಭಾಷೆ ಬಲ್ಲವರೆಲ್ಲ ಒಪ್ಪಿದ ವ್ಯುತ್ಪತ್ತಿಯಲ್ಲ ಇದು. ಕುಡಿದಾಗ ಕೇಳಲು ಚೆನ್ನಾಗಿದೆ.

ಇಝಕಯದಲ್ಲಿ ಕೂತೊಡನೆ, ಕೇಳದೆಯೇ, ಒಂದು ಪುಟ್ಟ ಬಟ್ಟಲಲ್ಲಿ ಏನೋ ಬರುತ್ತದೆ. ಬೇಯಿಸಿದ ಸೊಪ್ಪೋ ಆಲೂಗಡ್ಡೆಯ ಸಲಾಡೋ, ಎರಡು ತುತ್ತಿನಷ್ಟು. ಟೋಕಿಯೊದಲ್ಲಿ ಇದು ‘ಒತೋಶಿ’, ಒಸಾಕಾ ಕಡೆ ‘ತ್ಸುಕಿದಶಿ’. ಬಿಲ್ಲಿನಲ್ಲಿ ಇದಕ್ಕೆ ಹಣ ಹಿಡಿದಿರುವುದನ್ನು ನೋಡಿ ಹೊರಗಿನವರು ಜಗಳಕ್ಕಿಳಿಯುತ್ತಾರೆ; ಅದು ಕೂರುವ ಜಾಗದ ಬಾಡಿಗೆ ಎಂದು ತಿಳಿದರೆ ಸಾಕು. ಆಮೇಲೆ ನಾವೇ ತರಿಸುವ ತಿನಿಸಿಗೆ ಒಸಾಕಾದವರ ಮಾತು ‘ಅತೆ’, ಟೋಕಿಯೊದವರದು ‘ತ್ಸುಮಮಿ’, ಚಿವುಟಿ ತಿನ್ನುವುದು ಎಂದರ್ಥ. ಸಕನ ಎಂಬ ಪದವನ್ನು ಮೀನು ಹೊತ್ತುಕೊಂಡು ಹೋದ ಮೇಲೆ ಖಾಲಿಯಾದ ಜಾಗಕ್ಕೆ ಬಂದು ಕೂತವು ಇವು. ಗಮನಿಸಬೇಕಾದ್ದೆಂದರೆ ಇವುಗಳಲ್ಲಿ ಅನ್ನವಿಲ್ಲ. ಸಕೆಯೇ ಅಕ್ಕಿಯದ್ದು, ಅದರ ಜೊತೆಗೆ ಮತ್ತೆ ಅನ್ನವೇಕೆ ಎಂಬುದು ಹಳೆಯ ಕುಡುಕರ ತರ್ಕ. ಅನ್ನವೋ ನೂಡಲ್ಸೋ ಬರುವುದು ಕೊನೆಗೆ.

ದೇವರ ಮುಂದೆ ಇಟ್ಟಾಗ ಸಕೆಗೆ ಹೆಸರೇ ಬೇರೆ. ಮದ್ಯಕ್ಕೆ ‘ಕಿ’ ಎಂಬ ಇನ್ನೊಂದು ಹಳೆಯ ಪದವಿತ್ತು. ಅದಕ್ಕೆ ಗೌರವದ ‘ಮಿ’ ಸೇರಿ ‘ಮಿಕಿ’ ಆಯಿತು. ಕಾಲ ಕಳೆದಂತೆ ಆ ‘ಮಿ’ ಗೌರವವೆಂಬುದೇ ಮರೆತು, ಮುಂದೆ ಮತ್ತೊಂದು ಗೌರವದ ‘ಒ’ ಸೇರಿ ‘ಒಮಿಕಿ’ ಆಯಿತು. ಹೊಸ ಚಕ್ರವರ್ತಿ ಪಟ್ಟವೇರಿದಾಗ ನಡೆಯುವ ದೈಜೋಸಯ್ ವಿಧಿಯಲ್ಲಿ ನೈವೇದ್ಯಕ್ಕಿಡುವ ಬಿಳಿ ಮತ್ತು ಕಪ್ಪು ಸಕೆಗೆ ‘ಶಿರೊಕಿ’, ‘ಕುರೊಕಿ’ ಎಂದು ಹೆಸರು. ಹಳೆಯ ‘ಕಿ’ ಅಲ್ಲಿ ಬಿಡಿಯಾಗಿ ಕಾಣುತ್ತದೆ.

ಬೌದ್ಧ ಭಿಕ್ಷುಗಳ ಕತೆ ಇನ್ನೂ ಸ್ವಾರಸ್ಯದ್ದು. ಅವರಿಗೆ ಮದ್ಯ ನಿಷಿದ್ಧ. ಆದರೆ ಮಧ್ಯಯುಗದಲ್ಲಿ ಮಠಗಳೇ ಒಳ್ಳೆಯ ಸಕೆ ತಯಾರಿಸಿ ಮಾರುತ್ತಿದ್ದವು. ನಾರಾ ಬಳಿಯ ಶೋರ್ಯಕುಜಿ ಮಠ ತಿಳಿಸಕೆಯ ತವರೆಂದು ಇಂದಿಗೂ ಹೇಳಿಕೊಳ್ಳುತ್ತದೆ. ಮಾಡಿದ್ದನ್ನು ರುಚಿ ನೋಡದಿರಲು ಸಾಧ್ಯವೇ? ಅವರು ಅದಕ್ಕೆ ‘ಹನ್‌ಞತೋ’ ಎಂದು ಹೆಸರಿಟ್ಟರು. ‘ತೋ’ ಎಂದರೆ ಬಿಸಿನೀರು, ಕಷಾಯ. ‘ಹನ್‌ಞ’ ನಮ್ಮ ಕಡೆಯಿಂದ ಹೋದ ಪದ: ಸಂಸ್ಕೃತದ ಪ್ರಜ್ಞಾ, ಪಾಲಿಯಲ್ಲಿ ಪಞ್ಞಾ, ಚೀನಾವನ್ನು ಹಾದು ಜಪಾನು ಮುಟ್ಟುವಷ್ಟರಲ್ಲಿ ಹನ್‌ಞ. ಪ್ರಜ್ಞೆಯ ಕಷಾಯ! ಪ್ರಜ್ಞೆ ತಪ್ಪಿಸುವ ವಸ್ತುವಿಗೆ ಇದಕ್ಕಿಂತ ಧೈರ್ಯದ ಹೆಸರು ಬೇರೆಲ್ಲೂ ನಾನು ಕೇಳಿಲ್ಲ. ನಮ್ಮ ಗೆಳೆಯರ ಗುಂಪುಗಳಲ್ಲಿ ‘ತೀರ್ಥ’ ಎನ್ನುವವರಿಗೆ ಅವರು ಗುರುಸಮಾನರು.

ಸಕೆ ಎಂದರೆ ಅಕ್ಕಿಯ ಮದ್ಯ ಎಂದು ನಾವೆಲ್ಲ ತಿಳಿದಿದ್ದೇವೆ. ಜಪಾನಿಯಲ್ಲಿ ಅದು ಎಲ್ಲ ಮದ್ಯಕ್ಕೂ ಸಲ್ಲುವ ಹೆಸರು. ವಿಸ್ಕಿಯೂ ಸಕೆ, ವೈನೂ ಸಕೆ. ಪರದೇಶದ ಮದ್ಯಗಳು ಬಂದು ತುಂಬಿಕೊಂಡಾಗ ತಮ್ಮದನ್ನು ಬೇರ್ಪಡಿಸಲು ‘ನಿಹೊನ್‌ಶು’, ಜಪಾನಿನ ಮದ್ಯ, ಎನ್ನಬೇಕಾಯಿತು. ಈ ಹೆಸರಿಗೆ 2015ರಿಂದ ಭೌಗೋಳಿಕ ಗುರುತಿನ ರಕ್ಷಣೆಯೂ ಇದೆ. ಜಪಾನಿನ ಅಕ್ಕಿಯಿಂದ ಜಪಾನಿನಲ್ಲೇ ಮಾಡಿದ್ದಕ್ಕೆ ಮಾತ್ರ ಅದು ಸಲ್ಲುತ್ತದೆ. ತೆರಿಗೆಯ ಕಾನೂನಿನಲ್ಲಿ ಹೆಸರು ಇನ್ನೊಂದು: ‘ಸೇಶು’, ತಿಳಿಯಾದ ಮದ್ಯ. ಅಕ್ಕಿ, ನೀರು, ಕೋಜಿ ಎಂಬ ಬೂಷ್ಟು, ಇವನ್ನು ಹುದುಗಿಸಿ, ಸೋಸಿರಬೇಕು. ಸೋಸು ಎಂಬ ಒಂದೇ ಕ್ರಿಯಾಪದದ ಮೇಲೆ ಎಲ್ಲವೂ ನಿಂತಿದೆ. ಸೋಸದೆ ಬಿಟ್ಟರೆ ಅದು ಸೇಶು ಅಲ್ಲ, ಹಳ್ಳಿಗರ ‘ದೊಬುರೊಕು’. ಅದನ್ನು ಮನೆಯಲ್ಲಿ ಮಾಡಿಕೊಳ್ಳುವುದನ್ನು ಸರ್ಕಾರ 1899ರಲ್ಲೇ ನಿಷೇಧಿಸಿತು, ತೆರಿಗೆ ತಪ್ಪುತ್ತಿತ್ತಲ್ಲ. ಅಕ್ಕಿಯ ಕಾಳನ್ನು ಉಜ್ಜಿ ಉಜ್ಜಿ ಶೇಕಡ 60ಕ್ಕಿಳಿಸಿದರೆ ‘ಗಿಂಜೊ’, 50ಕ್ಕಿಳಿಸಿದರೆ ‘ದೈಗಿಂಜೊ’. ಕೋಜಿ ಅಕ್ಕಿಯ ಪಿಷ್ಟವನ್ನು ಸಕ್ಕರೆ ಮಾಡುತ್ತಿರುವಾಗಲೇ ಅದೇ ಪಾತ್ರೆಯಲ್ಲಿ ಯೀಸ್ಟ್ ಆ ಸಕ್ಕರೆಯನ್ನು ಮದ್ಯ ಮಾಡುತ್ತಿರುತ್ತದೆ. ಹಾಗಾಗಿ ಭಟ್ಟಿ ಇಳಿಸದೆಯೇ ಇದು ಬಿಯರಿನ ಮೂರು ಪಾಲು ಗಟ್ಟಿ. ಕೋಜಿಯಿಂದ ಮದ್ಯ ತಯಾರಿಸುವ ಈ ವಿದ್ಯೆಯನ್ನು ಯುನೆಸ್ಕೊ 2024ರ ಡಿಸೆಂಬರಿನಲ್ಲಿ ತನ್ನ ಪರಂಪರೆಯ ಪಟ್ಟಿಗೆ ಸೇರಿಸಿಕೊಂಡಿತು.

ಇನ್ನು ಬಿಯರ್. ಕೂತ ಕೂಡಲೇ ಜಪಾನೀಯರು ಹೇಳುವ ಮಾತು “ತೊರಿಅಎಝು ಬೀರು”, ಸದ್ಯಕ್ಕೆ ಬಿಯರ್ ತನ್ನಿ, ಮಿಕ್ಕದ್ದು ಆಮೇಲೆ. ‘ಬೀರು’ ಡಚ್ಚರ ಪದ. ಎರಡು ಶತಮಾನಕ್ಕೂ ಹೆಚ್ಚು ಕಾಲ ಯುರೋಪಿನವರಲ್ಲಿ ಡಚ್ಚರಿಗೆ ಮಾತ್ರ, ಅದೂ ನಾಗಾಸಾಕಿಯ ದೆಜಿಮ ಎಂಬ ನಡುಗಡ್ಡೆಯಲ್ಲಿ ಮಾತ್ರ ವ್ಯಾಪಾರಕ್ಕೆ ಅಪ್ಪಣೆಯಿತ್ತು. ಆಮೇಲೆ ಇಂಗ್ಲಿಷಿನವರ ಮೂಲಕ ಅದೇ ಪದ ‘ಬಿಯ’ ಎಂಬ ರೂಪದಲ್ಲಿ ಇನ್ನೊಮ್ಮೆ ಬಂತು. ಹಾಗಾಗಿ ಲೋಟದಲ್ಲಿರುವುದು ‘ಬೀರು’, ಅದನ್ನು ಕುಡಿಯುವ ಸಭಾಂಗಣ ‘ಬಿಯಹೋರು’. ಇಂಥ ಸಭಾಂಗಣವೊಂದು ಟೋಕಿಯೊದಲ್ಲಿ ಮೊದಲು ತೆರೆದದ್ದು 1899ರಲ್ಲಿ. ಬೀರನ್ನು ಲಿಪಿಚಿಹ್ನೆಗಳಲ್ಲಿ ಬರೆಯಬೇಕಾದಾಗ ಬಾರ್ಲಿಯ ಚಿಹ್ನೆಯ ಪಕ್ಕಕ್ಕೆ ಸಕೆಯ ಚಿಹ್ನೆಯನ್ನೇ ಇಟ್ಟರು.

1994ರವರೆಗೆ ವರ್ಷಕ್ಕೆ 20 ಲಕ್ಷ ಲೀಟರ್ ತಯಾರಿಸುವ ತಾಕತ್ತಿಲ್ಲದವನಿಗೆ ಬಿಯರ್ ಪರವಾನಗಿಯೇ ಸಿಗುತ್ತಿರಲಿಲ್ಲ. ಆ ವರ್ಷ ಮಿತಿಯನ್ನು 60 ಸಾವಿರ ಲೀಟರಿಗೆ ಇಳಿಸಿದರು. ಸಣ್ಣವರು ಮುನ್ನುಗ್ಗಿದರು, ಅವರಲ್ಲಿ ಹಲವರು ತಲೆಮಾರುಗಳಿಂದ ಸಕೆ ಮಾಡುತ್ತಿದ್ದವರೇ. ಇಬಾರಕಿಯ ಕಿಉಚಿ ಮನೆತನ 1823ರಿಂದ ಸಕೆಯಲ್ಲಿತ್ತು, 1996ರಲ್ಲಿ ಬಿಯರಿಗೂ ಕೈಹಾಕಿತು. ಒಂದೊಂದು ಊರಿನ ಸಕೆಗೆ ‘ಜಿಝಕೆ’ ಎಂಬ ಹೆಸರು ಮೊದಲೇ ಇತ್ತು, ‘ಜಿ’ ಎಂದರೆ ನೆಲ. ಆ ಅಚ್ಚಿನಲ್ಲೇ ‘ಜಿಬೀರು’ ಹುಟ್ಟಿತು. ಊರೂರಿನ ಪ್ರವಾಸಿ ತಾಣಗಳಲ್ಲಿ ನೆನಪಿನ ಕಾಣಿಕೆಯ ಹಾಗೆ ಮಾರುತ್ತಿದ್ದ, ದುಬಾರಿಯಾದ, ರುಚಿಯಲ್ಲಿ ಅಷ್ಟಕ್ಕಷ್ಟೇ ಆದ ಬಿಯರುಗಳಿಂದ ಆ ಹೆಸರು ಕೆಟ್ಟಿತು. ಉಳಿದುಕೊಂಡ ಒಳ್ಳೆಯವರು ಹಳೆಯ ಹೆಸರು ಬಿಟ್ಟು ‘ಕುರಫುತೊ ಬೀರು’ ಎಂದರು, ನಾವನ್ನುವ ಕ್ರಾಫ್ಟ್ ಬಿಯರ್. ಸರಕು ಅದೇ, ಅಂಗಿ ಬೇರೆ. ನನ್ನನ್ನು ಕೇಳಿದರೆ ಜಿಬೀರು ಎಂಬುದೇ ಮೇಲು, ಅದಕ್ಕೊಂದು ಊರಿದೆ.

ಕಾನೂನು ಇಲ್ಲೂ ಪದ ಹುಟ್ಟಿಸಿತು. 2018ರವರೆಗೆ ಮಾಲ್ಟ್ ಮೂರನೇ ಎರಡು ಪಾಲಿಲ್ಲದಿದ್ದರೆ ಅದು ಬಿಯರ್ ಎನಿಸುತ್ತಿರಲಿಲ್ಲ, ‘ಹಪ್ಪೋಶು’, ನೊರೆಯ ಮದ್ಯ, ಎನಿಸುತ್ತಿತ್ತು, ತೆರಿಗೆಯೂ ಕಡಿಮೆಯಿತ್ತು. ದೊಡ್ಡ ಕಂಪನಿಗಳು ಮಾಲ್ಟ್ ಕಡಿಮೆ ಮಾಡಿ ಅಗ್ಗದ ಹಪ್ಪೋಶು ಹರಿಸಿದವು, ಆಮೇಲೆ ಬಟಾಣಿಯಿಂದಲೂ ಬಿಯರಿನಂಥದ್ದನ್ನು ತೆಗೆದವು. ಜನ ಅದಕ್ಕೆ ‘ಮೂರನೆಯ ಬಿಯರ್’ ಎಂದರು. ಇತ್ತ ಕಿತ್ತಳೆ ಸಿಪ್ಪೆಯೋ ಕೊತ್ತಂಬರಿ ಬೀಜವೋ ಹಾಕಿ ಶ್ರದ್ಧೆಯಿಂದ ಮಾಡಿದ ಬಿಯರೂ ಆ ಹಪ್ಪೋಶು ಚೀಟಿಯನ್ನೇ ಅಂಟಿಸಿಕೊಳ್ಳಬೇಕಾಗಿತ್ತು, ಏಕೆಂದರೆ ಆ ಪದಾರ್ಥಗಳು ಕಾನೂನಿನ ಪಟ್ಟಿಯಲ್ಲಿರಲಿಲ್ಲ. 2018ರಲ್ಲಿ ವ್ಯಾಖ್ಯೆ ಸಡಿಲವಾಯಿತು.

ಬೀದಿ ತಿಂಡಿಯ ವಿಷಯಕ್ಕೆ ಪದಗಳಿಗಿಂತ ಕೈಚಳಕ ಮುಖ್ಯ. ಒಸಾಕಾದ ‘ತಕೊಯಕಿ’ಯ ಹೆಸರು ಸರಳ: ತಕೊ ಎಂದರೆ ಆಕ್ಟೋಪಸ್, ಯಕಿ ಎಂದರೆ ಸುಟ್ಟದ್ದು. ಬಾಣಸಿಗ ನಿಂತು ತೋರಿಸುವುದು ಕಬ್ಬಿಣದ ಗುಳಿಕಾವಲಿಯನ್ನು. ಪಡ್ಡಿನ ಹಂಚು ನೋಡಿದವರಿಗೆ ಪರಿಚಯ ಮಾಡಿಸಬೇಕಾಗಿಲ್ಲ. ವ್ಯತ್ಯಾಸವೆಂದರೆ ಹಿಟ್ಟು ತೀರಾ ನೀರು, ಗುಳಿ ತುಂಬಿ ಕಾವಲಿಯಿಡೀ ಹರಡಿರುತ್ತದೆ. ಅಂಚು ಗಟ್ಟಿಯಾದೊಡನೆ ಚೂಪು ಕಡ್ಡಿಯಿಂದ ಹೊರಗೆ ಹರಡಿದ್ದನ್ನೆಲ್ಲ ಒಳಕ್ಕೆ ಮಡಚಿ, ಕಾಲು ಸುತ್ತು ತಿರುಗಿಸಿ, ಮತ್ತೆ ಕಾಲು ಸುತ್ತು. ಕೊನೆಗೆ ಉಂಡೆ ಹೊರಗೆ ಗರಿ, ಒಳಗೆ ಬಾಯಿ ಸುಡುವ ಗಂಜಿ. 1935ರಲ್ಲಿ ಐಝುಯ ಎಂಬ ಅಂಗಡಿ ಆಕ್ಟೋಪಸ್ ಹಾಕಿ ಇದನ್ನು ಶುರುಮಾಡಿತು. ಅದಕ್ಕೂ ಮುಂಚೆ ಒಳಗಿರುತ್ತಿದ್ದದ್ದು ದನದ ಸ್ನಾಯುರಜ್ಜುವಿನ ಮಾಂಸ, ಹೆಸರು ‘ರಜಿಯೊಯಕಿ’. ಆಗ ರೇಡಿಯೊ ಹೊಸದು, ಹೊಸದಕ್ಕೆಲ್ಲ ಅದರ ಹೆಸರು.

ಕೊನೆಗೆ ಪತ್ರಿಕೆಗಳ ಗೆಳೆಯರಲ್ಲೂ ಮೆನು ಅಚ್ಚು ಹಾಕಿಸುವವರಲ್ಲೂ ಒಂದು ಕೋರಿಕೆ. ಈ ಪಾನೀಯವನ್ನು ಕನ್ನಡದಲ್ಲಿ ‘ಸಾಕಿ’ ಎಂದೂ ‘ಸಾಕೆ’ ಎಂದೂ ಬರೆಯುವುದುಂಟು. ಅದು ಇಂಗ್ಲಿಷರ ಬಾಯಿ ಸುತ್ತಿ ಬಂದ ರೂಪ. ಸಾಕಿ ಎಂದರೆ ಗಜಲುಗಳಲ್ಲಿ ಮದ್ಯ ಬಡಿಸುವವರು, ಅರಬ್ಬಿ ಮೂಲದ ಬೇರೆಯೇ ಪದ. ಸಾಕೆ ಎಂದರೆ ನಮ್ಮಲ್ಲಿ ಬಡಿಸುವವರು ಕೇಳುವ ಪ್ರಶ್ನೆ. ಎರಡೂ ಕುಡಿತದ ಪಂಕ್ತಿಗೆ ಹೊಂದುತ್ತವೆ ನಿಜ, ಆದರೆ ಎರಡೂ ಜಪಾನಿಯಲ್ಲ. ಮೂಲದಲ್ಲಿ ಎರಡೂ ಅಕ್ಷರ ಹ್ರಸ್ವ. ಇಂಗ್ಲಿಷ್ ಲಿಪಿಗೆ ಸಾಧ್ಯವಾಗದ ಹ್ರಸ್ವ–ದೀರ್ಘದ ಲೆಕ್ಕ ನಮ್ಮ ಲಿಪಿಗೆ ಲೀಲಾಜಾಲ. ಇದ್ದದ್ದನ್ನು ಇದ್ದ ಹಾಗೆ ‘ಸಕೆ’ ಎಂದು ಬರೆಯೋಣ. ಜಪಾನಿಗೆ ಹೋಗುವವರಿಗೆ ಇನ್ನೊಂದು ಮಾತು: ಬೇಕಾದದ್ದು ಅಕ್ಕಿಯ ಸಕೆಯೇ ಆದರೆ ‘ನಿಹೊನ್‌ಶು’ ಎಂದು ಕೇಳಿ. ದಕ್ಷಿಣದ ಕಾಗೋಶಿಮಾದಲ್ಲಿ ಬರಿದೆ ಸಕೆ ಎಂದರೆ ಗೆಣಸಿನಿಂದ ಭಟ್ಟಿ ಇಳಿಸಿದ ಶೋಚು ತಂದಿಡಬಹುದು, ಅದರಲ್ಲಿ ಆಲ್ಕೊಹಾಲು ಸಾಮಾನ್ಯವಾಗಿ ಶೇಕಡ 25.